ನಮ್ಮ ಸಾಲಿಗ್ರಾಮಕ್ಕೆ ಈಜಿಪ್ಟಿನ ಟಗರಿನ ಕೊಂಬು!

ಕುಂದಾಪುರದಲ್ಲಿ ನನ್ನದೊಂದು ಸಣ್ಣ ಪ್ರೆಸ್ಸು ಇದೆ. ಮದುವೆ ಕಾಗದ, ಬಿಲ್ ಬುಕ್ಕು, ಯಕ್ಷಗಾನದ ಕರಪತ್ರ, ರಥೋತ್ಸವದ ಆಮಂತ್ರಣ, ಇವೇ ನನ್ನ ಅನ್ನ. ಓದು ಪಿಯುಸಿಗೆ ನಿಂತಿತು. ನಾನು ವಿಜ್ಞಾನಿಯಲ್ಲ, ಪಂಡಿತನೂ ಅಲ್ಲ. ಆದರೆ ಅಪ್ಪನ ಟ್ರೆಡಲ್ ಮಿಷನ್ನಿನ ಪಕ್ಕ ನಿಂತು ಮೊಳೆ ಜೋಡಿಸಲು ಕಲಿತ ದಿನದಿಂದ ಇವತ್ತಿನ ಕಂಪ್ಯೂಟರ್ ತನಕ ಅಕ್ಷರದ ತಪ್ಪು ಹುಡುಕುವುದೇ ನನ್ನ ಕಸುಬು. ಈ ಸಲ ಸಿಕ್ಕ ತಪ್ಪು ಅಕ್ಷರದ್ದಲ್ಲ. ಅದಕ್ಕಿಂತ ದೊಡ್ಡದು. ಅದಕ್ಕೇ ನಿಮ್ಮ ಮುಂದೆ ತಂದಿದ್ದೇನೆ.

ಕಳೆದ ವರ್ಷ ಒಂದು ಹೈಸ್ಕೂಲಿನ ವಿಜ್ಞಾನ ಪ್ರದರ್ಶನದ ಪುಸ್ತಿಕೆ ಅಚ್ಚಿಗೆ ಬಂತು. ಕನ್ನಡ ಮಾಧ್ಯಮದ ಶಾಲೆ. ಪಳೆಯುಳಿಕೆಗಳ ಪುಟದಲ್ಲಿ 'ಅಮ್ಮೊನೈಟ್' ಎಂದಿರಬೇಕಾದ ಕಡೆ ನಮ್ಮ ಹುಡುಗ 'ಅಮೋನಿಯಾ' ಎಂದು ಟೈಪು ಮಾಡಿಬಿಟ್ಟಿದ್ದ. ಪ್ರೂಫ್ ನೋಡಲು ಬಂದ ಮೇಷ್ಟ್ರಿಗೆ ಸಿಟ್ಟು ಬಂತು. "ಎಂಥದ್ದು ಮಾರಾಯ್ರೆ! ಅದು ಗ್ಯಾಸು, ಇದು ಕಲ್ಲು!" ಸರಿ, ತಿದ್ದಿಸಿದೆ. ಸುಮ್ಮನಿರಲಾರದೆ ಕೇಳಿದೆ: "ಸರ್, ಅಮ್ಮೊನೈಟ್ ಅಂದರೆ ಏನರ್ಥ?" "ಅರ್ಥ ಎಂಥದ್ದು? ಅದೊಂದು ಹೆಸರು. ಮಕ್ಕಳಿಗೆ ತಪ್ಪಿಲ್ಲದೆ ಬರೆಯಲು ಬಂದರೆ ಸಾಕು" ಎಂದರು.

ಅವರ ಜೊತೆ ಒಂಬತ್ತನೇ ಕ್ಲಾಸಿನ ಒಬ್ಬ ಹುಡುಗಿ ಬಂದಿದ್ದಳು. ಸಾಲಿಗ್ರಾಮದ ಕಡೆಯವಳು. ಸ್ಕ್ರೀನಿನಲ್ಲಿದ್ದ ಚಿತ್ರವನ್ನೇ ನೋಡುತ್ತಿದ್ದಳು. ಎರಡು ಹೋಳಾದ ಕರಿ ಕಲ್ಲಿನ ಉಂಡೆ, ಒಳಗೆ ಚಕ್ರದಂಥ ಸುರುಳಿ. ಮೆಲ್ಲಗೆ ಅಂದಳು: "ಸರ್, ಇದ್ ನಮ್ಮನಿ ದೇವ್ರ ಕೋಣಿಯಗೆ ಇತ್ತ್. ಅಜ್ಜ ಪೂಜಿ ಮಾಡೂ ಸಾಲಿಗ್ರಾಮ ಅಲ್ದಾ?"

ಮೇಷ್ಟ್ರು ನಕ್ಕರು. "ಅದು ದೇವರು, ಇದು ಪಾಠ. ಎರಡನ್ನೂ ಕಲಸಬೇಡ" ಎಂದರು. ಹುಡುಗಿ ಬಾಯಿ ಮುಚ್ಚಿಕೊಂಡಳು.

ಗೆಳೆಯರೇ, ಆ ಹುಡುಗಿ ಹೇಳಿದ್ದೇ ಸರಿ! ಆಮೇಲೆ ಸಿಕ್ಕಿದ್ದನ್ನೆಲ್ಲ ಓದಿದೆ. ತಿಳಿದದ್ದನ್ನು ಕೇಳಿ.

ಹೆಸರಿನ ಹಿಂದೆ ಒಬ್ಬ ದೇವರು

ಈಜಿಪ್ಟಿನಲ್ಲಿ ಆಮುನ್ ಎಂಬ ದೇವರಿದ್ದ. ಟಗರು ಅವನ ಪವಿತ್ರ ಪ್ರಾಣಿ. ಗ್ರೀಕರು ಅವನನ್ನು ಅಮ್ಮೋನ್ ಎಂದು ಕರೆದು, ಕಿವಿಯ ಪಕ್ಕದಲ್ಲಿ ಸುತ್ತಿಕೊಂಡ ಟಗರಿನ ಕೊಂಬು ಇಟ್ಟು ಚಿತ್ರಿಸಿದರು. ಅಲೆಕ್ಸಾಂಡರ್ ಕ್ರಿಸ್ತಪೂರ್ವ 331ರಲ್ಲಿ ಮರುಭೂಮಿ ದಾಟಿ ಸೀವಾ ಎಂಬಲ್ಲಿದ್ದ ಅವನ ಗುಡಿಗೆ ಹೋದ. ಅವನು ಸತ್ತ ಮೇಲೆ ಅವನ ಮುಖದ ನಾಣ್ಯಗಳಲ್ಲೂ ಅದೇ ಕೊಂಬು ಬಂತು.

ಸುರುಳಿ ಸುತ್ತಿದ ಕಲ್ಲುಗಳು ಆ ಕೊಂಬಿನಂತೆಯೇ ಕಂಡವು. ರೋಮಿನ ಪ್ಲಿನಿ ಎಂಬ ಪಂಡಿತ ಸುಮಾರು 1,950 ವರ್ಷಗಳ ಹಿಂದೆಯೇ ತನ್ನ ಗ್ರಂಥದಲ್ಲಿ ಇದನ್ನು 'ಅಮ್ಮೋನನ ಕೊಂಬು' ಎಂದು ಬರೆದ. ಇಥಿಯೋಪಿಯದ ಜನ ಇದನ್ನು ಬಹಳ ಪವಿತ್ರ ಎಂದು ಎಣಿಸುತ್ತಾರೆ, ಇದು ಮುಂದಾಗುವುದನ್ನು ಕನಸಿನಲ್ಲಿ ತೋರಿಸುತ್ತದಂತೆ ಎಂದೂ ಬರೆದ. 1789ರಲ್ಲಿ ಬ್ರೂಗ್ಯೇರ್ ಎಂಬ ಫ್ರೆಂಚ್ ವಿಜ್ಞಾನಿ ಅದೇ ಹೆಸರಿಗೆ ಕಲ್ಲು ಎಂಬುದನ್ನು ಸೂಚಿಸುವ 'ಐಟೀಸ್' ಎಂಬ ಬಾಲ ಸೇರಿಸಿ 'ಅಮ್ಮೊನೈಟೀಸ್' ಎಂದ. 1884ರಲ್ಲಿ ಜರ್ಮನಿಯ ಜಿಟ್ಟೆಲ್ ಈ ಇಡೀ ಕುಲಕ್ಕೆ 'ಅಮ್ಮೊನಾಯ್ಡಿಯ' ಎಂದು ಹೆಸರಿಟ್ಟ. ಅರ್ಥ ಇಷ್ಟೇ: ಅಮ್ಮೋನನ ಕಲ್ಲು.

ನಮ್ಮ ಹುಡುಗ ಟೈಪು ಮಾಡಿದ ಅಮೋನಿಯಾ? ಅದೂ ಅದೇ ದೇವರ ಹೆಸರೇ! ಕಲಾಯಿ ಹಾಕುವವರು ಬಳಸುವ ನವಸಾಗರ ಇದೆಯಲ್ಲ, ಅದಕ್ಕೆ ಲ್ಯಾಟಿನ್ನಿನಲ್ಲಿ 'ಅಮ್ಮೋನನ ಉಪ್ಪು' ಎಂಬ ಹೆಸರು. ಅದರಿಂದ ಹೊರಡುವ ಅನಿಲಕ್ಕೆ 1782ರಲ್ಲಿ ಬರ್ಗ್‌ಮನ್ ಎಂಬ ರಸಾಯನ ವಿಜ್ಞಾನಿ ಅಮೋನಿಯಾ ಎಂದು ಹೆಸರಿಟ್ಟ. ಪ್ರೂಫಿನಲ್ಲಿ ಅದು ತಪ್ಪು. ಸಂಬಂಧದಲ್ಲಿ ಎರಡೂ ದಾಯಾದಿಗಳು. ಇದನ್ನು ನಮಗೆ ಯಾವ ಕ್ಲಾಸಿನಲ್ಲಿ ಯಾರು ಹೇಳಿದರು?

ಈ ಪ್ರಾಣಿಗಳಲ್ಲಿ ಎಷ್ಟೋ ಜಾತಿಗಳ ಹೆಸರಿನ ಕೊನೆಗೆ 'ಸೆರಾಸ್' ಎಂದಿರುತ್ತದೆ. ಗ್ರೀಕಿನ 'ಕೆರಾಸ್', ಎಂದರೆ ಕೊಂಬು. ಸಂಸ್ಕೃತದ 'ಶೃಂಗ'ವೂ ಇದೂ ಒಂದೇ ಮೂಲದ ಪದಗಳು ಎಂದು ಭಾಷಾಶಾಸ್ತ್ರ ಬಲ್ಲವರು ಹೇಳುತ್ತಾರೆ. ಇಂಗ್ಲೆಂಡಿನ ವಿಟ್ಬಿ ಎಂಬ ಊರಿನಲ್ಲಿ ಇವು ಹೇರಳ. ಹಿಲ್ಡಾ ಎಂಬ ಸಂತಳು ಹಾವುಗಳನ್ನು ಕಲ್ಲು ಮಾಡಿದಳು ಎಂಬ ಕಥೆ ಅಲ್ಲಿದೆ. ವಿಜ್ಞಾನಿಗಳು ಆ ಕಥೆಯನ್ನು ನಕ್ಕು ಬಿಸಾಡಲಿಲ್ಲ. ಒಂದು ಜಾತಿಗೆ 'ಹಿಲ್ಡೋಸೆರಾಸ್' ಎಂದೇ ಹೆಸರಿಟ್ಟರು. ಹಿಲ್ಡಾಳ ಕೊಂಬು!

ಕೊಂಬು ಎಂದರೆ ನಮಗೆ ಗೊತ್ತಿಲ್ಲವೇ? 'ಕ'ಕ್ಕೆ ಕೊಂಬು ಕೊಟ್ಟರೆ 'ಕು' ಎಂದು ಒಂದನೇ ಕ್ಲಾಸಿನಲ್ಲಿ ರಾಗ ಎಳೆದವರಲ್ಲವೇ ನಾವು? ಅಪ್ಪನ ಮೊಳೆ ಕೇಸಿನಲ್ಲಿ ಕೊಂಬಿಗೆ ಬೇರೆಯೇ ಮನೆ ಇತ್ತು. ಬಾಗಿದ್ದನ್ನು ಕಂಡು ಕೊಂಬು ಎಂದ ನಮ್ಮ ಹಿರಿಯರೂ, ಸುತ್ತಿದ ಕಲ್ಲನ್ನು ಕಂಡು ಕೊಂಬು ಎಂದ ಪ್ಲಿನಿಯೂ ಮಾಡಿದ್ದು ಒಂದೇ ಕೆಲಸ. ಕಣ್ಣಿಗೆ ಕಂಡದ್ದಕ್ಕೆ ಮನೆಯ ಮಾತಿನಲ್ಲಿ ಹೆಸರಿಟ್ಟರು. ವಿಜ್ಞಾನದ ಹೆಸರು ಆಕಾಶದಿಂದ ಉದುರುವುದಲ್ಲ.

ಊರು ಕಲ್ಲಾಯಿತು, ಕಲ್ಲು ಊರಾಯಿತು

ಈಗ ನಮ್ಮ ಕಡೆಗೆ ಬನ್ನಿ. ಉಡುಪಿಯಿಂದ ಕುಂದಾಪುರಕ್ಕೆ ಬಸ್ಸಿನಲ್ಲಿ ಬಂದವರಿಗೆ ಗೊತ್ತು: ಬ್ರಹ್ಮಾವರ, ಸಾಸ್ತಾನ, ಸಾಲಿಗ್ರಾಮ, ಕೋಟ, ತೆಕ್ಕಟ್ಟೆ. ಸಾಲಿಗ್ರಾಮದಲ್ಲಿ ಗುರುನರಸಿಂಹ ದೇವಸ್ಥಾನವಿದೆ. ಆ ವಿಗ್ರಹ ಸಾಲಿಗ್ರಾಮ ಶಿಲೆಯದು ಎಂದು ಭಕ್ತರ ನಂಬಿಕೆ.

ಸಾಲಿಗ್ರಾಮದ ಕಲ್ಲು ಬರುವುದು ನೇಪಾಳದ ಗಂಡಕಿ ನದಿಯಿಂದ, ಮುಕ್ತಿನಾಥದ ಕಡೆಯಿಂದ. ಅಲ್ಲಿನ ಕರಿಯ ಜೇಡುಶಿಲೆಯಿಂದ ಉದುರಿದ ಗುಂಡುಕಲ್ಲುಗಳನ್ನು ನದಿ ಉರುಳಿಸಿ ನಯ ಮಾಡುತ್ತದೆ. ಅವುಗಳೊಳಗಿನ ಚಕ್ರ ಅಮ್ಮೊನೈಟಿನ ಅಚ್ಚು. ಶಾಲ ಮರಗಳಿದ್ದ ಊರು 'ಶಾಲಗ್ರಾಮ', ಅದರ ಹೆಸರೇ ಕಲ್ಲಿಗೆ ಬಂತು ಎಂದು ಪದ ಬಿಡಿಸುತ್ತಾರೆ. ಅಲ್ಲಿ ಊರಿನ ಹೆಸರು ಕಲ್ಲಿಗೆ, ಇಲ್ಲಿ ಕಲ್ಲಿನ ಹೆಸರು ಊರಿಗೆ!

ಹಿಮಾಲಯದ ನೆತ್ತಿಯ ಮೇಲೆ ಸಮುದ್ರದ ಪ್ರಾಣಿ ಹೇಗೆ ಬಂತು? ಅಲ್ಲಿ ಹಿಂದೆ ಟೆಥಿಸ್ ಎಂಬ ಸಮುದ್ರವಿತ್ತು. ನಮ್ಮ ಭೂಭಾಗ ತೇಲಿಹೋಗಿ ಸುಮಾರು 5 ಕೋಟಿ ವರ್ಷಗಳ ಹಿಂದೆ ಏಷ್ಯಾಕ್ಕೆ ಡಿಕ್ಕಿ ಹೊಡೆದಾಗ ಸಮುದ್ರದ ತಳವೇ ಮೇಲೆದ್ದು ಬೆಟ್ಟವಾಯಿತು. ಅಜ್ಜನ ಸಂಪುಟದಲ್ಲಿರುವ ಕಲ್ಲು ಆ ಕಥೆಗೆ ಸಾಕ್ಷಿ.

ಬೈಂದೂರಿನ ಒತ್ತಿನೆಣೆ ಗುಡ್ಡದಿಂದ ಬ್ರಹ್ಮಾವರದ ತನಕ ಅಗೆದರೂ ನಿಮಗೆ ಅಮ್ಮೊನೈಟ್ ಸಿಗದು. ನಮ್ಮ ಕರಿಕಲ್ಲು ಆ ಪ್ರಾಣಿ ಹುಟ್ಟುವುದಕ್ಕಿಂತ ಎಷ್ಟೋ ಹಳೆಯದು. ಮೇಲಿನ ಮುರಕಲ್ಲು ಬಂಡೆ ಕೊಳೆತು ಆದದ್ದು. ಮಲ್ಪೆಯ ಎದುರಿನ ಸೇಂಟ್ ಮೇರೀಸ್ ದ್ವೀಪದ ಕಂಬಗಲ್ಲುಗಳು ಬೆಂಕಿಯ ಕಲ್ಲು, ಪಳೆಯುಳಿಕೆ ಇಲ್ಲ. ಆದರೆ ಆ ಲಾವಾ ಆರಿದ ಕಾಲದಲ್ಲಿ, ಸುಮಾರು 8.8 ಕೋಟಿ ವರ್ಷಗಳ ಹಿಂದೆ, ಸಮುದ್ರಗಳ ತುಂಬ ಅಮ್ಮೊನೈಟ್‌ಗಳು ಈಜಾಡುತ್ತಿದ್ದವು. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಡೈನೊಸಾರ್‌ಗಳು ಅಳಿದ ಕಾಲದಲ್ಲೇ ಇವೂ ಅಳಿದವು.

ಪ್ರಾಣಿ ಹೇಗಿತ್ತು ಎನ್ನುತ್ತೀರಾ? ಗಂಗೊಳ್ಳಿ ಬಂದರಿಗೆ ಬನ್ನಿ, ಬುಟ್ಟಿಯಲ್ಲಿರುವ ಬೊಂಡಾಸ್ ನೋಡಿ. ಅದರ ಹಳೆಯ ನೆಂಟ, ಮೈಮೇಲೆ ಸುರುಳಿ ಚಿಪ್ಪು ಹೊತ್ತವನು. ಚಿಪ್ಪಿನೊಳಗೆ ಕೋಣೆ ಕೋಣೆ. ಕೊನೆಯ ಕೋಣೆಯಲ್ಲಿ ಪ್ರಾಣಿಯ ವಾಸ, ಹಿಂದಿನವುಗಳಲ್ಲಿ ತೇಲಲು ಗಾಳಿ. ಪಾಠದಲ್ಲಿ ಇದನ್ನು 'ಶೀರ್ಷಪಾದಿ' ಎನ್ನುತ್ತಾರೆ. ಮೀನುಗಾರರ ಮಗ ಆ ಪದವನ್ನು ಬಾಯಿಪಾಠ ಮಾಡುತ್ತಾನೆ, ಅದು ತನ್ನ ಅಪ್ಪನ ಬಲೆಗೆ ಬೀಳುವ ಬೊಂಡಾಸ್ ಎಂದು ಅವನಿಗೆ ಯಾರೂ ಹೇಳುವುದಿಲ್ಲ!

ನಮ್ಮ ದೇವರ ಹೆಸರನ್ನೂ ಅವರೇ ಇಟ್ಟರು

ಇನ್ನೊಂದು ಕೇಳಿ. 1846ರಲ್ಲಿ ಎಡ್ವರ್ಡ್ ಫೋರ್ಬ್ಸ್ ಎಂಬ ಬ್ರಿಟಿಷ್ ವಿಜ್ಞಾನಿ ದಕ್ಷಿಣ ಭಾರತದಿಂದ ಹೋದ ಅಮ್ಮೊನೈಟ್‌ಗಳನ್ನು ಲಂಡನ್ನಿನಲ್ಲಿ ಕೂತು ಪರೀಕ್ಷಿಸಿದ. ಅವಕ್ಕೆ ಇಟ್ಟ ಹೆಸರುಗಳಲ್ಲಿ ಬ್ರಹ್ಮ, ವಿಷ್ಣು, ಇಂದ್ರ, ಮನು ಇದ್ದಾರೆ! ಇವತ್ತಿಗೂ ಅವು 'ಬ್ರಹ್ಮೈಟೀಸ್ ಬ್ರಹ್ಮ', 'ಸ್ಯೂಡೋಫಿಲೈಟೀಸ್ ಇಂದ್ರ' ಎಂದು ಲೋಕದ ಪುಸ್ತಕಗಳಲ್ಲಿವೆ. ತಿರುಚ್ಚಿ ಸೀಮೆಯ ಊಟ್ಟತ್ತೂರು ಎಂಬ ಹಳ್ಳಿಯ ಹೆಸರಿನಲ್ಲಿ 'ಉಟಟೂರಿಸೆರಾಸ್' ಇದೆ. ಕಚ್ಛದ ಒಂದಕ್ಕೆ 'ಶಿವಾಜಿಸೆರಾಸ್' ಎಂಬ ಹೆಸರಿದೆ. ಊರು, ದೇವರು, ದೊರೆ, ಎಲ್ಲರ ಹೆಸರೂ ವಿಜ್ಞಾನಕ್ಕೆ ಆಗುತ್ತದೆ. ನಿಯಮವೂ ಹಾಗೇ ಇದೆ: ಲ್ಯಾಟಿನ್ ಅಕ್ಷರದಲ್ಲಿ ಬರೆದರಾಯಿತು, ಪದ ಯಾವ ಭಾಷೆಯದ್ದೂ ಇರಬಹುದು.

ಕನ್ನಡಕ್ಕೂ ಆ ಬಾಗಿಲು ತೆರೆದೇ ಇದೆ. 2014ರಲ್ಲಿ ಪಶ್ಚಿಮ ಘಟ್ಟದ ಒಂದು ಕಪ್ಪೆ ತನ್ನ ಮೊಟ್ಟೆಗಳಿಗೆ ಮಣ್ಣು ಮೆತ್ತುವುದನ್ನು ಕಂಡವರು ಅದಕ್ಕೆ 'ಕುಂಬಾರ' ಎಂಬ ಕನ್ನಡ ಹೆಸರನ್ನೇ ಇಟ್ಟರು. ಭೇಷ್! 2016ರಲ್ಲಿ ಮಣಿಪಾಲದ ಸುತ್ತಿನ ಮುರಕಲ್ಲಿನ ಬಯಲಿನಲ್ಲಿ ಸಿಕ್ಕ ಪುಟ್ಟ ಕಪ್ಪೆಗೆ 'ಲ್ಯಾಟರೈಟ್' ಎಂದಾಯಿತು. ಲ್ಯಾಟಿನ್ನಿನಲ್ಲಿ ಇಟ್ಟಿಗೆಗೆ ಇರುವ ಪದದಿಂದ ಬಂದ ಕಲ್ಲಿನ ಹೆಸರು ಅದು. ಕಂಡುಹಿಡಿದವರ ಶ್ರಮಕ್ಕೆ ನಮಸ್ಕಾರ. ಆದರೆ 'ಮುರಕಲ್ಲು' ಎಂದು ಇಟ್ಟಿದ್ದರೆ ಆ ಕಪ್ಪೆ ಬೇಡ ಎನ್ನುತ್ತಿತ್ತೇ?

ಹಾಗಾದರೆ ಅಮ್ಮೊನೈಟ್ ಹೆಸರನ್ನು ಕಿತ್ತು ಸಾಲಿಗ್ರಾಮ ಎಂದು ಬರೆಯಬೇಕೆ? ಬೇಡ. ವಿಟ್ಬಿಯ ಕಲ್ಲು ಸಾಲಿಗ್ರಾಮವಲ್ಲ, ಪೂಜೆಯ ಎಲ್ಲ ಸಾಲಿಗ್ರಾಮದಲ್ಲೂ ಸುರುಳಿ ಕಾಣುವುದಿಲ್ಲ. ಲೋಕಕ್ಕೆಲ್ಲ ಒಂದೇ ಹೆಸರಿರುವುದರಿಂದ ಜಪಾನಿನವನೂ ನಾವೂ ಒಂದೇ ಪ್ರಾಣಿಯ ಬಗ್ಗೆ ಮಾತಾಡಬಹುದು. ಆ ಹೆಸರು ಇರಲಿ. ನನ್ನ ತಕರಾರು ಬೇರೆ. ಆ ಪುಸ್ತಿಕೆಯಲ್ಲಿ ಒಂದೂ ಇಂಗ್ಲಿಷ್ ಅಕ್ಷರವಿರಲಿಲ್ಲ, ಆದರೂ ಅದು ಕನ್ನಡವಾಗಿರಲಿಲ್ಲ. ಕನ್ನಡ ಲಿಪಿಯಲ್ಲಿ ಅಚ್ಚಾದದ್ದೆಲ್ಲ ಕನ್ನಡವಲ್ಲ! ಇದನ್ನು ಹೇಳಲು ಅಚ್ಚು ಹಾಕುವವನಿಗಿಂತ ಹೆಚ್ಚು ಹಕ್ಕು ಯಾರಿಗಿದೆ? ಪದದ ಅರ್ಥ ಬಿಡಿಸಿ, ಮಗುವಿನ ಮನೆಯಲ್ಲಿರುವ ವಸ್ತುವಿಗೆ ಅದನ್ನು ಗಂಟು ಹಾಕಿದಾಗ ಮಾತ್ರ ಅದು ಕನ್ನಡ.

ಇದೇನು ಆಗದ ಕೆಲಸವೇ? ಕೋಟದಲ್ಲಿ ಹುಟ್ಟಿದ ಶಿವರಾಮ ಕಾರಂತರು 1936ರಲ್ಲೇ ಮೂರು ಸಂಪುಟಗಳ 'ಬಾಲ ಪ್ರಪಂಚ'ವನ್ನು ಕನ್ನಡದ ಮಕ್ಕಳ ಕೈಗೆ ಕೊಟ್ಟರು. ಆಮೇಲೆ ನಾಲ್ಕು ಸಂಪುಟಗಳ 'ವಿಜ್ಞಾನ ಪ್ರಪಂಚ' ಬರೆದರು. ಕೊನೆಯ ವರ್ಷಗಳನ್ನು ಕಳೆದದ್ದು ಇದೇ ಸಾಲಿಗ್ರಾಮದಲ್ಲಿ. ಒಬ್ಬ ಮನುಷ್ಯ ಮೊಳೆ ಜೋಡಿಸುವ ಕಾಲದಲ್ಲಿ ಅಷ್ಟು ಮಾಡಿದರು. ಕಿಸೆಯಲ್ಲಿ ಲೋಕದ ಗ್ರಂಥಾಲಯ ಇಟ್ಟುಕೊಂಡ ನಾವು ಏನು ಮಾಡಿದ್ದೇವೆ?

ಪಠ್ಯಪುಸ್ತಕ ಬರೆಯುವವರಲ್ಲಿ ನನ್ನ ಕೇಳಿಕೆ ಒಂದೇ. ಹೊರಗಿನ ಪದ ಮೊದಲ ಸಲ ಬಂದಾಗ ಒಂದೇ ಒಂದು ಸಾಲು ಸೇರಿಸಿ: ಇದರ ಅರ್ಥ ಇದು, ನಮ್ಮಲ್ಲಿ ಇದನ್ನು ಹೀಗೆನ್ನುತ್ತಾರೆ. ಒಂದು ಸಾಲಿಗೆ ಎಷ್ಟು ಕಾಗದ ಬೇಕೆಂದು ನನಗೆ ಗೊತ್ತು. ಏನೂ ಬೇಡ.

ಪಟ್ಟಣದ ಗೆಳೆಯರೇ, ನಿಮ್ಮಲ್ಲೂ ಒಂದು ಮಾತು. ಬೋರ್ಡಿನಲ್ಲಿ ಕನ್ನಡ ಬೇಕೆಂದು ಕೂಗುವುದು ಸರಿ, ನಾನೂ ಕೂಗಿದವನೇ. ಬೋರ್ಡು ಬರೆದಾದ ಮೇಲೆ ಅಂಗಡಿಯೊಳಗೆ ಸರಕು ಇರಬೇಡವೇ? ನೀವು ಬಯಾಲಜಿ ಓದಿದವರು, ಎಂಜಿನಿಯರಿಂಗ್ ಓದಿದವರು. ರಜೆಗೆ ಊರಿಗೆ ಹೋದಾಗ ಅಜ್ಜನ ಹತ್ತಿರ, ಮೀನು ಮಾರುವ ಅಕ್ಕನ ಹತ್ತಿರ, ಕಲ್ಲು ಕೀಳುವವರ ಹತ್ತಿರ ಹೆಸರು ಕೇಳಿ ಬರೆದುಕೊಳ್ಳಿ. ನಿಮ್ಮ ಓದಿನ ಒಂದು ಪದಕ್ಕೆ ಅದನ್ನು ಜೋಡಿಸಿ ಕನ್ನಡದಲ್ಲಿ ನಾಲ್ಕು ಸಾಲು ಬರೆಯಿರಿ.

ಕೊನೆಗೆ ನನ್ನ ತಪ್ಪನ್ನೂ ಒಪ್ಪಿಕೊಳ್ಳುತ್ತೇನೆ. ಆ ಪುಸ್ತಿಕೆ ಐನೂರು ಪ್ರತಿ ಅಚ್ಚಾಯಿತು. 'ಅಮ್ಮೊನೈಟ್' ಸರಿಯಾಗಿಯೇ ಬಂತು. ಪುಟದ ಕೆಳಗೆ ಎರಡು ಇಂಚು ಖಾಲಿ ಜಾಗವಿತ್ತು. ಅಲ್ಲಿ 'ಇದು ನಿಮ್ಮ ಮನೆಯ ಸಾಲಿಗ್ರಾಮದೊಳಗಿನ ಚಕ್ರ' ಎಂದು ಹಾಕೋಣವೇ ಎಂದು ಮೇಷ್ಟ್ರನ್ನು ಕೇಳಬಹುದಿತ್ತು. ಗಿರಾಕಿ ಸಿಟ್ಟಾದಾರು ಎಂದು ನಾನು ಕೇಳಲಿಲ್ಲ. ಹುಡುಗಿ ಬಾಯಿ ಮುಚ್ಚಿದಳು, ನಾನೂ ಮುಚ್ಚಿದೆ. ಆ ಎರಡು ಇಂಚು ಜಾಗದ ಸಾಲವನ್ನು ಇಲ್ಲಿ ತೀರಿಸಿದ್ದೇನೆ. ಉಳಿದದ್ದು ನಿಮ್ಮದು.