ಒಂದೇ ಕುರ್ಚಿಗೆ ಇಬ್ಬರು ಅಧಿಕಾರಿಗಳು: ವರ್ಗಾವಣೆಗೆ ‘ಸ್ಟೇ’ ಸಿಗೋದು ಯಾವಾಗ?

ವರ್ಗಾವಣೆ ಸೀಸನ್ ಬಂತೆಂದರೆ ತಾಲ್ಲೂಕು ಕಚೇರಿಗಳಲ್ಲಿ ಒಂದೇ ಪ್ರಶ್ನೆ: ‘ಸಾಹೇಬ್ರು ಇದ್ದಾರಾ, ಹೋದ್ರಾ?’ ಹೊಸಬರು ಆದೇಶ ಹಿಡಿದು ಬಂದು ಅಧಿಕಾರ ವಹಿಸಿಕೊಳ್ಳುತ್ತಾರೆ. ನಾಲ್ಕು ದಿನಕ್ಕೆ ಹಳಬರು ಕೆಎಟಿಯಿಂದ ತಡೆಯಾಜ್ಞೆ ತಂದು ಅದೇ ಕುರ್ಚಿ ಕೇಳುತ್ತಾರೆ. ಪಹಣಿ ತಿದ್ದುಪಡಿಗೆ ಬಂದ ರೈತನ ಕಡತಕ್ಕೆ ಯಾರು ಸಹಿ ಹಾಕಬೇಕು ಅನ್ನೋದೇ ಗೊತ್ತಾಗಲ್ಲ.

ಕೆಎಟಿ ಎಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ. ಬೆಂಗಳೂರಿನ ಜತೆಗೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ. ರಾಜ್ಯ ಸರ್ಕಾರಿ ನೌಕರರು ಮೊದಲು ಇಲ್ಲಿಗೇ ಹೋಗಬೇಕು. ಹೈಕೋರ್ಟ್ ಆಮೇಲೆ. 1997ರ ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ.

ಕಷ್ಟ ಹೇಳಿಕೊಂಡರೆ ಸಾಲದು

ವರ್ಗಾವಣೆ ಸೇವೆಯ ಒಂದು ಭಾಗ, ಇಂಥದ್ದೇ ಊರು ಬೇಕೆಂದು ಕೇಳುವ ಹಕ್ಕು ನೌಕರನಿಗಿಲ್ಲ ಎಂದು ಸುಪ್ರೀಂ ಕೋರ್ಟ್ 1991ರ ಶಿಲ್ಪಿ ಬೋಸ್ ಪ್ರಕರಣದಲ್ಲಿ ಹೇಳಿದೆ. ಗಂಡ–ಹೆಂಡತಿಯನ್ನು ಒಂದೇ ಊರಲ್ಲಿ ಇರಿಸಬೇಕೆಂಬ ಮಾರ್ಗಸೂಚಿ ಇದ್ದರೂ ಅದು ಕಾನೂನಿನ ಹಕ್ಕಾಗುವುದಿಲ್ಲ ಎಂದದ್ದು 1993ರ ಅಬ್ಬಾಸ್ ಪ್ರಕರಣದಲ್ಲಿ. ‘ಎಂಎಲ್‌ಎ ಲೆಟರ್ ಕೊಟ್ಟು ನನ್ನ ಎತ್ತಂಗಡಿ ಮಾಡಿಸಿದ್ರು’ ಅನ್ನೋ ವಾದವೂ ಒಂದರಿಂದಲೇ ನಿಲ್ಲಲ್ಲ. ಶಾಸಕರ ಶಿಫಾರಸು ಇದ್ದ ಮಾತ್ರಕ್ಕೆ ಆದೇಶ ಕೆಡುವುದಿಲ್ಲ ಎಂದು 2007ರಲ್ಲಿ ಮಸೂದ್ ಅಹಮದ್ ಪ್ರಕರಣದಲ್ಲಿ ತೀರ್ಪು ಬಂದಿದೆ.

ಹಾಗಾದರೆ ಗೆಲ್ಲೋದು ಹೇಗೆ?

ಆದೇಶ ಹೇಗೆ ಹೊರಟಿತು ಎಂಬುದರ ಮೇಲೆ. ದುರುದ್ದೇಶ ಇದ್ದರೆ, ಕಡ್ಡಾಯ ನಿಯಮ ಮುರಿದಿದ್ದರೆ ಕೋರ್ಟ್ ಮಧ್ಯಪ್ರವೇಶಿಸುತ್ತದೆ. ಅನಾಮಧೇಯ ದೂರಿನ ಮೇಲೆ, ಶಿಕ್ಷೆಯ ಬದಲಿಗೆ ಮಾಡಿದ ವರ್ಗಾವಣೆಯನ್ನು 2009ರ ಸೋಮೇಶ್ ತಿವಾರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ನಮ್ಮ ರಾಜ್ಯದಲ್ಲಿ ಸಾಮಾನ್ಯ ವರ್ಗಾವಣೆ ಅವಧಿ ಮುಗಿದ ಮೇಲೆ ಎತ್ತಂಗಡಿ ಮಾಡಲು ಮುಖ್ಯಮಂತ್ರಿಯ ಪೂರ್ವಾನುಮತಿ ಬೇಕು. ಅವಧಿಗೂ ಮುನ್ನ ವರ್ಗಾವಣೆಯಾಗಿದ್ದರೆ, ಮುಂದಿನ ಸ್ಥಳವನ್ನೇ ತೋರಿಸದಿದ್ದರೆ ನೌಕರನ ಪರ ವಕೀಲರು ಮೊದಲು ಹಿಡಿಯೋದು ಇಂಥ ಲೋಪಗಳನ್ನೇ.

ಒಂದು ಎಚ್ಚರಿಕೆ: ತಡೆಯಾಜ್ಞೆ ಸಿಗದೆ, ಅರ್ಜಿ ಕೊಟ್ಟಿದ್ದೀನಿ ಎಂದು ಹೊಸ ಜಾಗಕ್ಕೆ ಹೋಗದೆ ಕೂರುವಂತಿಲ್ಲ. ಗುಜರಾತ್ ವಿದ್ಯುತ್ ಮಂಡಳಿಯ ನೌಕರರೊಬ್ಬರು ಹಾಗೆ ಮಾಡಿ ಕೆಲಸವನ್ನೇ ಕಳೆದುಕೊಂಡರು. 1989ರಲ್ಲಿ ಸುಪ್ರೀಂ ಕೋರ್ಟ್ ಕೂಡ ಅವರ ಕೈ ಹಿಡಿಯಲಿಲ್ಲ.

ನಷ್ಟ ಯಾರಿಗೆ?

ನೌಕರನಿಗೆ ವಕೀಲರ ಫೀಸು, ಮಕ್ಕಳ ಶಾಲೆಯ ಚಿಂತೆ. ಸರ್ಕಾರಕ್ಕೆ ಮುಜುಗರ. ಜನರಿಗೆ ಮಾತ್ರ ದಿನಗಟ್ಟಲೆ ಅಲೆದಾಟ. ಶಿಕ್ಷಕರ ವರ್ಗಾವಣೆಗೆ ರಾಜ್ಯದಲ್ಲಿ ಪ್ರತ್ಯೇಕ ಕಾಯ್ದೆಯೇ ಇದೆ, ಕೌನ್ಸೆಲಿಂಗ್ ನಡೆಯುತ್ತದೆ. ಅಲ್ಲೂ ಕೇಸುಗಳಿವೆ ನಿಜ, ಆದರೆ ಯಾರಿಗೆ ಯಾವ ಜಾಗ, ಯಾಕೆ ಎಂಬುದಕ್ಕೆ ಒಂದು ಪಟ್ಟಿಯಾದರೂ ಇರುತ್ತದೆ. ಉಳಿದ ಇಲಾಖೆಗಳಲ್ಲೂ ಅವಧಿಪೂರ್ವ ವರ್ಗಾವಣೆಯ ಕಾರಣವನ್ನು ಆದೇಶದಲ್ಲೇ ಬರೆದರೆ ಅರ್ಧ ಜಗಳ ಕೋರ್ಟ್ ಮೆಟ್ಟಿಲು ಹತ್ತುವುದೇ ಇಲ್ಲ. ಅಲ್ಲಿಯವರೆಗೆ, ಇವತ್ತು ಸಹಿ ಹಾಕುವ ಅಧಿಕಾರ ಯಾರದು ಎಂದು ಕಚೇರಿಯ ನೋಟಿಸ್ ಬೋರ್ಡಿಗೆ ಒಂದು ಚೀಟಿಯನ್ನಾದರೂ ಅಂಟಿಸಲಿ.