ಬೂಸಾನ್‌ಗೆ ಹೋದ ಕನ್ನಡದ ಪೆಡ್ರೋ

ನಮ್ಮ ಕಾಲೇಜಿನಲ್ಲಿ ಕೊರಿಯಾದ ಧಾರಾವಾಹಿ ನೋಡದವರು ಕಡಿಮೆ. ಅಲ್ಲಿನ ನಟರ ಹೆಸರುಗಳನ್ನು ಪಾಠದಂತೆ ಒಪ್ಪಿಸುವವರಿದ್ದಾರೆ. ತಪ್ಪೇನಿಲ್ಲ. ಆದರೆ ಅದೇ ಕೊರಿಯಾದ ಬೂಸಾನ್ ಚಿತ್ರೋತ್ಸವ 2021ರಲ್ಲಿ ಒಂದು ಕನ್ನಡ ಸಿನಿಮಾವನ್ನು ಆರಿಸಿಕೊಂಡಿತು ಎಂಬುದು ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತು? ಏಷ್ಯಾದ ಹೊಸ ನಿರ್ದೇಶಕರಿಗೆ ಮೀಸಲಾದ ‘ನ್ಯೂ ಕರೆಂಟ್ಸ್’ ವಿಭಾಗದಲ್ಲಿ ಅದು ಪ್ರದರ್ಶನಗೊಂಡಿತು. ಚಿತ್ರದ ಹೆಸರು ‘ಪೆಡ್ರೋ’. ನಿರ್ದೇಶಕರು ಉತ್ತರ ಕನ್ನಡದ ನಟೇಶ್ ಹೆಗಡೆ. ಅದು ಅವರ ಮೊದಲ ಪೂರ್ಣ ಚಿತ್ರ.

ಪೆಡ್ರೋ ಹಳ್ಳಿಯಲ್ಲಿ ಕರೆಂಟಿನ ಕೆಲಸ ಮಾಡುವ ಬಡವ. ಕಾಡುಹಂದಿ ಹೊಡೆಯಲು ಹೋದಾಗ ಅವನ ಕೈಯಲ್ಲಿ ಆಕಸ್ಮಿಕವಾಗಿ ಹಸು ಸಾಯುತ್ತದೆ. ಇಡೀ ಊರು ಅವನ ಮೇಲೆ ತಿರುಗಿ ಬೀಳುತ್ತದೆ. ಬೇರೆಯವರಾಗಿದ್ದರೆ ಇಲ್ಲಿ ಉದ್ದನೆಯ ಡೈಲಾಗ್ ಬರುತ್ತಿತ್ತು, ಪಿಟೀಲು ಅಳುತ್ತಿತ್ತು. ನಟೇಶ್ ಕ್ಯಾಮೆರಾವನ್ನು ದೂರದಲ್ಲಿಟ್ಟು ಸುಮ್ಮನೆ ನೋಡುತ್ತಾರೆ. ಮಳೆ, ಮರ, ಮಾತಾಡದ ಮುಖಗಳು. ಇಂಥ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿದರೆ ನಮಗೆ ಸಿಟ್ಟು ಬರುತ್ತದೆ, ಹೆದರಿಕೆಯೂ ಆಗುತ್ತದೆ. ಈ ಚಿತ್ರ ನೋಡಿದರೆ ನಾಚಿಕೆಯಾಗುತ್ತದೆ, ಸುಮ್ಮನೆ ನಿಂತು ನೋಡಿದ ಊರವರಲ್ಲಿ ನಾವೂ ಒಬ್ಬರು ಎಂಬಂತೆ. ನೂರು ಭಾಷಣ ಮಾಡದ ಕೆಲಸ ಇದು ಎಂದು ನನ್ನ ಅಭಿಪ್ರಾಯ.

‘ತುಂಬಾ ನಿಧಾನ, ಅವಾರ್ಡ್ ಸಿನಿಮಾ’ ಎನ್ನುವವರಿದ್ದಾರೆ. ಅರ್ಧ ಒಪ್ಪುತ್ತೇನೆ. ಕೆಲವು ಕಡೆ ಇನ್ನೊಂದು ಮಾತು ಸೇರಿಸಿದ್ದರೆ ನನ್ನಂಥವರಿಗೆ ಅನುಕೂಲವಾಗುತ್ತಿತ್ತು! ಆದರೆ ಪೆಡ್ರೋ ಪಾತ್ರ ಮಾಡಿದವರನ್ನು ನೋಡಿ. ಅವರು ನಿರ್ದೇಶಕರ ತಂದೆ ಗೋಪಾಲ ಹೆಗಡೆ, ನಿಜ ಜೀವನದಲ್ಲೂ ಎಲೆಕ್ಟ್ರಿಷಿಯನ್. ಕಂಬ ಹತ್ತುವ ಕೈಗಳಿಗೆ ನಟನೆ ಕಲಿಸಬೇಕಾಗಿರಲಿಲ್ಲ. ನಿರ್ಮಾಪಕರು ರಿಷಬ್ ಶೆಟ್ಟಿ. ಚೀನಾದ ಪಿಂಗ್ಯಾವೊ ಚಿತ್ರೋತ್ಸವದಲ್ಲಿ ನಟೇಶ್ ಅವರಿಗೆ ಉತ್ತಮ ನಿರ್ದೇಶಕ ಪ್ರಶಸ್ತಿ ಬಂತು. ಆದರೆ 2022ರ ಬೆಂಗಳೂರು ಚಿತ್ರೋತ್ಸವದಲ್ಲಿ ಈ ಚಿತ್ರಕ್ಕೆ ಜಾಗ ಸಿಗಲಿಲ್ಲ.

ಎರಡನೆಯ ಚಿತ್ರ ‘ವಾಘಾಚಿಪಾಣಿ’ 2025ರಲ್ಲಿ ಬರ್ಲಿನ್ ಚಿತ್ರೋತ್ಸವದ ಫೋರಂ ವಿಭಾಗಕ್ಕೆ ಹೋಯಿತು. ಅದಕ್ಕೆ ಆಧಾರ ಅಮರೇಶ ನುಗಡೋಣಿ ಅವರ ಕಥಾಸಾಹಿತ್ಯ. ನುಗಡೋಣಿ ಅವರು ಪಕ್ಕದ ರಾಯಚೂರು ಜಿಲ್ಲೆಯವರು, ಹಂಪಿಯ ಕನ್ನಡ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳಿದವರು. ನಮ್ಮ ಕಡೆಯ ಲೇಖಕರ ಕಥೆ ಮಲೆನಾಡಿನ ಹುಡುಗನ ಕೈಯಲ್ಲಿ ಬರ್ಲಿನ್ ತಲುಪಿತು. ಸಂತೋಷವೇ. ಆದರೂ ನನಗೆ ಸ್ವಲ್ಪ ಹೊಟ್ಟೆಕಿಚ್ಚಾಯಿತು.

ಬಳ್ಳಾರಿ ರಾಘವರ ಊರು ನಮ್ಮದು. ಕುರುಗೋಡಿನ ಬಂಡೆಗುಡ್ಡ, ಸಿರುಗುಪ್ಪದ ಭತ್ತದ ಗದ್ದೆ, ಜೀನ್ಸ್ ಹೊಲಿಯುವ ಶೆಡ್ಡುಗಳು, ಕೌಲ್ ಬಜಾರಿನಲ್ಲಿ ಒಂದೇ ವಾಕ್ಯದೊಳಗೆ ಬರುವ ಉರ್ದು, ತೆಲುಗು, ಕನ್ನಡ ಎಲ್ಲ ಕಣ್ಣೆದುರಿಗೇ ಇವೆ. ನಾವು ಮೊಬೈಲಿನಲ್ಲಿ ತೆಗೆಯುವುದು ಮಾತ್ರ ಹಾಡಿಗೆ ತುಟಿ ಆಡಿಸುವ ರೀಲ್ಸ್. ಈ ಸಲ ವಾರ್ಷಿಕೋತ್ಸವದಲ್ಲಿ ಹತ್ತು ನಿಮಿಷದ ಕಿರುಚಿತ್ರಗಳಿಗೆ ಒಂದು ಸ್ಪರ್ಧೆ ಇಡಿ ಎಂದು ಪ್ರಾಂಶುಪಾಲರಲ್ಲಿ ವಿನಂತಿ. ಬೂಸಾನ್ ಇರಲಿ, ಮೊದಲು ನಮ್ಮ ಸಭಾಂಗಣದ ಗೋಡೆಯ ಮೇಲೆ ನೋಡೋಣ.