ಸ್ಮಾರ್ಟ್‌ಫೋನಿನ ಅನಪೇಕ್ಷಿತ ಜಾಹೀರಾತುಗಳೂ ಗ್ರಾಮ ಮುಖಂಡರ ಕರ್ತವ್ಯವೂ

ನೇಗಿಲು, ಕುಂಟೆ, ಕೂರಿಗೆಗಳಂತೆ ಸ್ಮಾರ್ಟ್‌ಫೋನೂ ಈಗ ಒಕ್ಕಲಿಗನ ಮನೆಯ ಉಪಕರಣಗಳಲ್ಲಿ ಒಂದಾಗಿದೆ. 2000ದಲ್ಲಿ ಕರ್ನಾಟಕದಲ್ಲಿ ಪ್ರಾರಂಭವಾದ ‘ಭೂಮಿ’ ಯೋಜನೆಯಿಂದ ಪಹಣಿಗಳು ಗಣಕಯಂತ್ರವನ್ನು ಸೇರಿದುವು. ಈಗ ಅವುಗಳನ್ನು ಫೋನಿನಲ್ಲಿಯೇ ನೋಡಬಹುದಾಗಿದೆ. 2019ರಲ್ಲಿ ಆರಂಭವಾದ ಪಿ.ಎಂ. ಕಿಸಾನ್ ಯೋಜನೆಯ ವರ್ಷಕ್ಕೆ 6,000 ರೂಪಾಯಿಗಳು ಮೂರು ಕಂತುಗಳಲ್ಲಿ ಬ್ಯಾಂಕಿನ ಖಾತೆಗೆ ಜಮೆಯಾದ ಸಮಾಚಾರವೂ ಫೋನಿಗೇ ಬರುತ್ತದೆ. ಮಾರುಕಟ್ಟೆಯ ಧಾರಣೆ, ಹವಾಮಾನದ ಮುನ್ಸೂಚನೆ, ಬೆಳೆ ಸಮೀಕ್ಷೆಯ ಛಾಯಾಚಿತ್ರ, ಗೊಬ್ಬರದಂಗಡಿಯ ಹಣಪಾವತಿ ಇವೆಲ್ಲವೂ ಅದರ ಮೂಲಕವೇ ನಡೆಯುತ್ತಿರುವುವು. ಇಂತಹ ಉಪಕರಣವನ್ನು ಸುಸ್ಥಿತಿಯಲ್ಲಿಟ್ಟುಕೊಳ್ಳುವುದು ನೇಗಿಲಿನ ಕುಳವನ್ನು ಕಾಲಕ್ಕೆ ಸರಿಯಾಗಿ ತಟ್ಟಿಸಿಡುವಷ್ಟೇ ಅವಶ್ಯಕವಾದುದು.

ಆದರೆ ಈ ಉಪಕರಣದಲ್ಲಿ ಈಚೆಗೆ ಒಂದು ಬಗೆಯ ಕಳೆಯ ಹಾವಳಿಯು ಹೆಚ್ಚಾಗಿದೆ. ಧಾರಣೆಯನ್ನು ನೋಡುತ್ತಿರುವಾಗಲೇ ಪರದೆಯನ್ನೆಲ್ಲ ಮುಚ್ಚುವಂತೆ ಯಾವುದೋ ಜಾಹೀರಾತು ಮೇಲೇಳುತ್ತದೆ. ಅದನ್ನು ಮುಚ್ಚುವ ಗುರುತು ಸಾಸಿವೆ ಕಾಳಿನಷ್ಟು ಚಿಕ್ಕದಾಗಿ ಮೂಲೆಯಲ್ಲಿ ಅಡಗಿರುತ್ತದೆ. ಬೆರಳು ತುಸು ತಪ್ಪಿದರೆ ಜಾಹೀರಾತು ಮತ್ತೆಲ್ಲಿಗೋ ಕೊಂಡೊಯ್ಯುತ್ತದೆ. “ನಿಮಗೆ ಬಹುಮಾನ ಬಂದಿದೆ”, “ಐದು ನಿಮಿಷಗಳಲ್ಲಿ ಸಾಲ”, “ನಿಮ್ಮ ಫೋನಿಗೆ ವೈರಸ್ ತಗುಲಿದೆ” ಎಂಬ ಸೂಚನೆಗಳು ಹಗಲಿರುಳೆನ್ನದೆ ಸದ್ದು ಮಾಡುತ್ತಿರುವುವು. ಇದು ಕೇವಲ ಕಿರಿಕಿರಿಯೇ ಹೊರತು ನಷ್ಟದ ವಿಷಯವಲ್ಲವೆಂದೂ, ಹುಡುಗರ ಆಟದ ಸಂಗತಿಯೆಂದೂ ಅನೇಕ ಹಿರಿಯರ ಅಭಿಪ್ರಾಯವಿದೆ. ಈ ಅಭಿಪ್ರಾಯವು ಸರಿಯಲ್ಲ.

ಮುಂಗಾರಿಗೆ ಮುಂಚಿನ ಏಪ್ರಿಲ್ ಮತ್ತು ಮೇ ತಿಂಗಳುಗಳಲ್ಲಿ ಗುಡುಗು ಸಿಡಿಲುಗಳು ಹೆಚ್ಚು. ಹೊಲದಲ್ಲಿ ದುಡಿಯುವವರೂ ಮರದಡಿಯಲ್ಲಿ ನಿಂತ ದನಗಾಹಿಗಳೂ ವರ್ಷವರ್ಷವೂ ಸಿಡಿಲಿಗೆ ಬಲಿಯಾಗುತ್ತಿದ್ದಾರೆ. ಪುಣೆಯ ಭಾರತೀಯ ಉಷ್ಣವಲಯ ಪವನಶಾಸ್ತ್ರ ಸಂಸ್ಥೆಯವರು ಸಿದ್ಧಪಡಿಸಿದ ‘ದಾಮಿನಿ’ ಎಂಬ ಆ್ಯಪು ಸಮೀಪದಲ್ಲಿ ಸಿಡಿಲಿನ ಸಂಭವವಿದ್ದಲ್ಲಿ ಫೋನಿಗೆ ಎಚ್ಚರಿಕೆಯನ್ನು ಕಳುಹಿಸುತ್ತದೆ. 2019ರಲ್ಲಿ ಬಂದ ‘ಮೇಘದೂತ’ ಎಂಬ ಆ್ಯಪಿನಲ್ಲಿ ಮಂಗಳವಾರ ಮತ್ತು ಶುಕ್ರವಾರಗಳಂದು ಹವಾಮಾನಕ್ಕೆ ಅನುಗುಣವಾದ ಬೇಸಾಯದ ಸಲಹೆಗಳು ಜಿಲ್ಲೆವಾರು ದೊರೆಯುತ್ತವೆ. ಇವು ಯಾವ ಬೆಲೆಯನ್ನೂ ತೆರದೆ ರೈತನಿಗೆ ಲಭಿಸುವ ಸೌಕರ್ಯಗಳು. ಆದರೆ ದಿನಕ್ಕೆ ಎಪ್ಪತ್ತು ಎಂಬತ್ತು ಸಲ ಸುಳ್ಳು ಕೂಗು ಕೇಳಿದವನು ನಿಜವಾದ ಕೂಗು ಬಂದಾಗ ತಿರುಗಿಯೂ ನೋಡನು. ಒಂದೊಂದನ್ನೂ ಓದುವ ವ್ಯವಧಾನವಿಲ್ಲದೆ ಎಲ್ಲವನ್ನೂ ಒಂದೇ ಬೆರಳಿನಲ್ಲಿ ಗುಡಿಸಿಹಾಕುವ ಅಭ್ಯಾಸವಾಗಿಬಿಡುತ್ತದೆ. ಆ ಕಸದೊಡನೆ ಸಿಡಿಲಿನ ಎಚ್ಚರಿಕೆಯೂ ಹೋಗುತ್ತದೆ. ಅನಪೇಕ್ಷಿತ ಜಾಹೀರಾತಿನಿಂದ ಆಗುವ ಮೊದಲನೆಯ ಕೇಡು ಇದೇ.

ಎರಡನೆಯ ಕೇಡು ಹಣದ್ದು. ಬಿತ್ತನೆಯ ಕಾಲದಲ್ಲಿ ಕೈ ಬರಿದಾಗಿರುವ ರೈತನಿಗೆ ಸುಲಭ ಸಾಲದ ಜಾಹೀರಾತು ಆಸೆಯನ್ನು ಹುಟ್ಟಿಸುವುದು ಸಹಜವೇ. ಭಾರತೀಯ ರಿಸರ್ವ್ ಬ್ಯಾಂಕು ನೇಮಿಸಿದ ಕಾರ್ಯತಂಡವು 2021ರಲ್ಲಿ ಕೊಟ್ಟ ವರದಿಯ ಪ್ರಕಾರ, ಆ ವರ್ಷದ ಮೊದಲ ಎರಡು ತಿಂಗಳುಗಳಲ್ಲಿ ಭಾರತದ ಆಂಡ್ರಾಯ್ಡ್ ಫೋನುಗಳಿಗೆ ದೊರೆಯುತ್ತಿದ್ದ ಸುಮಾರು 1,100 ಸಾಲದ ಆ್ಯಪುಗಳಲ್ಲಿ 600 ಕಾನೂನುಬಾಹಿರವಾದುವು. ಹಿಂದೆ ದುಬಾರಿ ಬಡ್ಡಿಯ ಲೇವಾದೇವಿಗಾರನ ಕೈಯಿಂದ ರೈತನನ್ನು ಬಿಡಿಸಲೆಂದೇ ಸಹಕಾರ ಸಂಘಗಳು ಹುಟ್ಟಿದುವು. ಈಗ ಅಂಥವನೇ, ಹೆಸರೂ ಊರೂ ಇಲ್ಲದವನಾಗಿ, ಫೋನಿನ ಪರದೆಯ ಮೇಲೆ ಬಂದು ಕುಳಿತಿರುವನು. ಇದಲ್ಲದೆ ಸರ್ಕಾರದ ಯೋಜನೆಯ ಹೆಸರನ್ನಿಟ್ಟುಕೊಂಡ ‘ಎ.ಪಿ.ಕೆ.’ ಎಂಬ ಕಡತಗಳು ವಾಟ್ಸಾಪಿನಲ್ಲಿ ಹರಡುವುದುಂಟು. ಅವುಗಳನ್ನು ಒತ್ತಿ ಸ್ಥಾಪಿಸಿಕೊಂಡವನ ಫೋನಿಗೆ ಬರುವ ಗುಪ್ತಸಂಖ್ಯೆಗಳು ವಂಚಕರ ಪಾಲಾಗಿ, ಖಾತೆಯ ಹಣ ಮಾಯವಾಗುತ್ತದೆ.

ಈ ಹಾವಳಿಗೆ ಕಾರಣವೇನೆಂದು ವಿಚಾರಿಸೋಣವೆಂದರೆ, ಅದು ಬಹುಮಟ್ಟಿಗೆ ಫೋನಿನ ಯಜಮಾನನೇ ತಿಳಿಯದೆ ಕೊಟ್ಟ ಅಪ್ಪಣೆಯಾಗಿದೆ. ಹೊಸ ಆ್ಯಪನ್ನು ತೆರೆದಾಗಲೂ, ಅಂತರ್ಜಾಲದ ಯಾವುದೋ ಪುಟವನ್ನು ನೋಡಿದಾಗಲೂ “ಅನುಮತಿಸಿ” ಎಂಬ ಗುಂಡಿಯು ಕಾಣಿಸುತ್ತದೆ. ಅವಸರದಲ್ಲಿ ಅದನ್ನು ಒತ್ತುವುದೇ ಕಳೆಯ ಬೀಜವನ್ನು ಬಿತ್ತಿದಂತೆ. ಬಳಿಕ ಬಂದ ಬಂದ ಜಾಹೀರಾತನ್ನು ಮುಚ್ಚುತ್ತ ಕುಳಿತರೆ ಪ್ರಯೋಜನವಿಲ್ಲ. ಜೇಕಿನ ಎಲೆಯನ್ನು ಎಷ್ಟು ಸಲ ಸವರಿದರೂ ನೆಲದೊಳಗಿನ ಗಡ್ಡೆಯನ್ನು ಕೀಳದಿದ್ದರೆ ವಾರದೊಳಗೆ ಪುನಃ ಚಿಗುರುವುದೆಂಬುದು ರೈತರಿಗೆ ತಿಳಿಯದ ವಿಷಯವಲ್ಲ. ಇಲ್ಲಿಯೂ ಕೀಳಬೇಕಾದುದು ಗಡ್ಡೆಯನ್ನು, ಎಂದರೆ ಕೊಟ್ಟ ಅಪ್ಪಣೆಯನ್ನು.

ಜಾಹೀರಾತಿನ ಹಣದಿಂದಲೇ ಅನೇಕ ಆ್ಯಪುಗಳು ಪುಕ್ಕಟೆಯಾಗಿ ದೊರೆಯುವುದರಿಂದ ಅದನ್ನು ಆಕ್ಷೇಪಿಸುವುದು ನ್ಯಾಯವಲ್ಲವೆಂದು ಕೆಲವರು ವಾದಿಸುವರು. ಸಂತೆಯಲ್ಲಿ ವ್ಯಾಪಾರಿಯು ತನ್ನ ಅಂಗಡಿಯ ಮುಂದೆ ನಿಂತು ಕೂಗುವುದು ತಪ್ಪಲ್ಲ. ಆದರೆ ಆತನೇ ನಡುರಾತ್ರಿಯಲ್ಲಿ ಮನೆಯ ಬಾಗಿಲನ್ನು ತಟ್ಟಿ, ತಾನು ಬ್ಯಾಂಕಿನವನೆಂದು ಹೇಳಿ ಒಳನುಗ್ಗಿದರೆ ಸಹಿಸುವವರುಂಟೆ? ಆ್ಯಪಿನ ಒಳಗೆ, ಜಾಹೀರಾತೆಂದು ಸ್ಪಷ್ಟವಾಗಿ ತಿಳಿಯುವಂತೆ ಇರುವುದು ಮೊದಲನೆಯ ಬಗೆ. ಕೇಳದೆ ಪರದೆಯನ್ನು ಆಕ್ರಮಿಸುವುದು ಎರಡನೆಯ ಬಗೆ. 1990ರ ದಶಕದ ಕೊನೆಯ ಭಾಗದಲ್ಲಿ ಅಮೆರಿಕಾದಲ್ಲಿ ಹೀಗೆ ತಾನಾಗಿ ಎದ್ದು ಬರುವ ಜಾಹೀರಾತಿನ ಕಿಟಕಿಯನ್ನು ರಚಿಸಿದವರಲ್ಲಿ ಒಬ್ಬರಾದ ಈಥನ್ ಜುಕರ್‌ಮನ್ ಎಂಬವರೇ 2014ರಲ್ಲಿ ಅದಕ್ಕಾಗಿ ಲೋಕದ ಕ್ಷಮೆಯನ್ನು ಕೇಳಿಕೊಂಡರು. ಮಾಡಿದವರಿಗೇ ಬೇಡವಾದುದನ್ನು ರೈತನು ತಾಳ್ಮೆಯಿಂದ ಸಹಿಸಿಕೊಂಡಿರಬೇಕಾದ ಕಾರಣವಿಲ್ಲ.

ನಿವಾರಣೋಪಾಯಗಳು ಕಷ್ಟವಾದುವಲ್ಲ. ಫೋನಿನ ತಯಾರಕರನ್ನನುಸರಿಸಿ ಹೆಸರುಗಳು ಸ್ವಲ್ಪ ಬೇರೆಯಾಗಿದ್ದರೂ ಕ್ರಮವು ಆಂಡ್ರಾಯ್ಡ್ ಫೋನುಗಳಲ್ಲೆಲ್ಲ ಹೆಚ್ಚುಕಡಿಮೆ ಒಂದೇ.

ಮೊದಲನೆಯದಾಗಿ, ತೊಂದರೆ ಕೊಡುವ ಆ್ಯಪು ಯಾವುದೆಂಬುದನ್ನು ಕಂಡುಹಿಡಿಯಬೇಕು. ಸೂಚನೆಯು ಬಂದಾಗ ಅದರ ಮೇಲೆ ಬೆರಳನ್ನು ಒತ್ತಿ ಹಿಡಿದರೆ ಕಳುಹಿಸಿದ ಆ್ಯಪಿನ ಹೆಸರೂ, ಅದನ್ನು ನಿಲ್ಲಿಸುವ ಗುಂಡಿಯೂ ಅಲ್ಲಿಯೇ ಕಾಣುವುವು. ಪರದೆಯನ್ನೆಲ್ಲ ಮುಚ್ಚುವ ಜಾಹೀರಾತು ಬಂದಾಗ, ಈಚೆಗೆ ತೆರೆದ ಆ್ಯಪುಗಳನ್ನು ತೋರಿಸುವ ಗುಂಡಿಯನ್ನು ಒತ್ತಿದರೆ ಅಪರಾಧಿಯ ಗುರುತು ಅನೇಕ ವೇಳೆ ಸಿಕ್ಕುತ್ತದೆ.

ಎರಡನೆಯದಾಗಿ, ಅದು ಬೇಡವಾದ ಆ್ಯಪಾದರೆ ಕೂಡಲೆ ತೆಗೆದುಹಾಕತಕ್ಕದ್ದು. ಕೆಲವು ದುಷ್ಟ ಆ್ಯಪುಗಳು ಪರದೆಯ ಮೇಲೆ ತಮ್ಮ ಚಿಹ್ನೆಯನ್ನೇ ಮರೆಸಿಕೊಂಡಿರುವುದರಿಂದ ‘ಸೆಟ್ಟಿಂಗ್ಸ್’ ಒಳಗಿನ ಆ್ಯಪುಗಳ ಪೂರ್ಣ ಪಟ್ಟಿಯನ್ನೇ ಪರಿಶೀಲಿಸಬೇಕು. ಜಾಹೀರಾತಿನ ಕಾಟದಿಂದ ಫೋನನ್ನು ಹಿಡಿಯಲೇ ಆಗದಿದ್ದಲ್ಲಿ ‘ಸೇಫ್ ಮೋಡ್’ ಎಂಬ ಸ್ಥಿತಿಯಲ್ಲಿ ತೆರೆಯಬಹುದು. ಆಗ ಹೊರಗಿನಿಂದ ಹಾಕಿಕೊಂಡ ಆ್ಯಪುಗಳು ನಿದ್ರಿಸುತ್ತಿರುವುದರಿಂದ ತೆಗೆಯುವುದು ಸುಲಭ. ಅನೇಕ ಫೋನುಗಳಲ್ಲಿ, ಫೋನನ್ನು ಆರಿಸುವ ಗುಂಡಿಯನ್ನು ಒತ್ತಿದಾಗ ಪರದೆಯ ಮೇಲೆ ಬರುವ ‘ಪವರ್ ಆಫ್’ ಎಂಬುದನ್ನು ಬಹಳ ಹೊತ್ತು ಒತ್ತಿ ಹಿಡಿದರೆ ಈ ಸ್ಥಿತಿಯು ದೊರೆಯುತ್ತದೆ.

ಮೂರನೆಯದಾಗಿ, ಸೆಟ್ಟಿಂಗ್ಸ್‌ನಲ್ಲಿ “ಇತರ ಆ್ಯಪುಗಳ ಮೇಲೆ ಪ್ರದರ್ಶಿಸು” ಎಂಬ ಅಪ್ಪಣೆಯೊಂದಿದೆ. ಇನ್ನೊಂದು ಆ್ಯಪಿನ ಮೇಲೆ ಬಂದು ಕೂರುವ ಅಧಿಕಾರವನ್ನು ಕೊಡುವುದು ಇದೇ. ಅವಶ್ಯವಿಲ್ಲದ ಎಲ್ಲ ಆ್ಯಪುಗಳಿಂದಲೂ ಇದನ್ನು ಹಿಂದಕ್ಕೆ ಪಡೆಯಬೇಕು. 2022ರಲ್ಲಿ ಬಂದ ಆಂಡ್ರಾಯ್ಡ್ 13ರಿಂದೀಚಿನ ಫೋನುಗಳಲ್ಲಿ, ಹೊಸದಾಗಿ ಹಾಕಿಕೊಂಡ ಆ್ಯಪು ಸೂಚನೆಗಳನ್ನು ಕಳುಹಿಸುವುದಕ್ಕೂ ಯಜಮಾನನ ಒಪ್ಪಿಗೆ ಬೇಕಾಗಿದೆ. ಆ ಒಪ್ಪಿಗೆಯನ್ನು ಯೋಚಿಸಿ ಕೊಡಬೇಕು.

ನಾಲ್ಕನೆಯದಾಗಿ, ಕ್ರೋಮ್ ಮೊದಲಾದ ಬ್ರೌಸರುಗಳಲ್ಲಿ ‘ಸೈಟ್ ಸೆಟ್ಟಿಂಗ್ಸ್’ ಎಂಬ ಭಾಗವಿದೆ. ಅಲ್ಲಿ ‘ನೋಟಿಫಿಕೇಶನ್’ ಕಳುಹಿಸಲು ಅಪ್ಪಣೆ ಪಡೆದ ತಾಣಗಳ ಪಟ್ಟಿಯನ್ನು ನೋಡಿ ಗುರುತಿಲ್ಲದವುಗಳನ್ನು ತೆಗೆಯಬೇಕು. ‘ಪಾಪ್-ಅಪ್’ ಎಂಬುದನ್ನು ನಿರ್ಬಂಧಿಸಬೇಕು. “ವೈರಸ್ ತಗುಲಿದೆ” ಎಂಬ ಬೆದರಿಕೆಗಳಲ್ಲಿ ಹೆಚ್ಚಿನವು ಇಲ್ಲಿಂದಲೇ ಬರುವುವು.

ಐದನೆಯದಾಗಿ, ವಾಟ್ಸಾಪಿಗೂ ಬ್ರೌಸರಿಗೂ ಇರಬಹುದಾದ “ಅಪರಿಚಿತ ಆ್ಯಪುಗಳನ್ನು ಸ್ಥಾಪಿಸು” ಎಂಬ ಅಪ್ಪಣೆಯನ್ನು ರದ್ದುಮಾಡಬೇಕು. ಇದೊಂದರಿಂದಲೇ ಎ.ಪಿ.ಕೆ. ಕಡತಗಳ ಹೆಬ್ಬಾಗಿಲು ಮುಚ್ಚಿದಂತಾಗುವುದು. ಪ್ಲೇ ಸ್ಟೋರಿನ ‘ಪ್ಲೇ ಪ್ರೊಟೆಕ್ಟ್’ ಎಂಬ ತಪಾಸಣೆಯನ್ನು ಎಂದೂ ನಿಲ್ಲಿಸಬಾರದು. ಜಾಹೀರಾತುಗಳನ್ನು ತೊಲಗಿಸುವೆವೆಂದೂ ಫೋನನ್ನು ಶುದ್ಧಿಮಾಡುವೆವೆಂದೂ ಹೇಳಿಕೊಳ್ಳುವ ಪುಕ್ಕಟೆ ಆ್ಯಪುಗಳನ್ನು ನಂಬಿ ಹಾಕಿಕೊಳ್ಳಕೂಡದು. ಅವುಗಳಲ್ಲಿ ಹಲವು ತಾವೇ ಜಾಹೀರಾತಿನ ತವರುಗಳು.

ಫೋನಿನ ಕರೆಗಳೂ ಎಸ್.ಎಂ.ಎಸ್. ಸಂದೇಶಗಳೂ ಬೇರೆ ವಿಷಯ. ವಾಣಿಜ್ಯ ಕರೆಗಳ ಬಗ್ಗೆ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರವು 2018ರಲ್ಲಿ ಮಾಡಿದ ನಿಬಂಧನೆಗಳಂತೆ 1909ಕ್ಕೆ ಕರೆಮಾಡಿ ಅಥವಾ ಸಂದೇಶ ಕಳುಹಿಸಿ ತನ್ನ ಇಚ್ಛೆಯನ್ನು ನೋಂದಾಯಿಸಬಹುದು. ಬ್ಯಾಂಕಿನ ಲೆಕ್ಕದ ಸಂದೇಶಗಳು ಇದರಿಂದ ನಿಲ್ಲುವುದಿಲ್ಲ. ವಂಚನೆಗೆ ಸಿಕ್ಕಿ ಹಣವು ಹೋದಲ್ಲಿ ನಾಚಿಕೆಯಿಂದ ಮುಚ್ಚಿಡದೆ ಆ ಕ್ಷಣವೇ 1930ಕ್ಕೆ ಕರೆಮಾಡತಕ್ಕದ್ದು. ತಡವಾದಷ್ಟೂ ಹಣವನ್ನು ತಡೆಹಿಡಿಯುವ ಸಾಧ್ಯತೆಯು ಕಡಿಮೆಯಾಗುವುದು.

ಇಷ್ಟು ಹೇಳಿದ ಮಾತ್ರಕ್ಕೆ ಎಲ್ಲ ಸೂಚನೆಗಳನ್ನೂ ಒಮ್ಮೆಗೇ ನಿಲ್ಲಿಸಿಬಿಡಬೇಕೆಂದು ತಾತ್ಪರ್ಯವಲ್ಲ. ಕಳೆಯೊಡನೆ ಪೈರನ್ನೂ ಕೀಳುವವನು ಜಾಣನಲ್ಲ. ಹವಾಮಾನ, ಸಿಡಿಲು, ಬ್ಯಾಂಕು, ಸಹಕಾರ ಸಂಘ, ಸರ್ಕಾರದ ಇಲಾಖೆಗಳು ಇವುಗಳ ಸೂಚನೆಗಳನ್ನು ಉಳಿಸಿಕೊಂಡು, ಮಿಕ್ಕವುಗಳನ್ನು ಒಂದೊಂದಾಗಿ ವಿಚಾರಿಸಿ ಕಳೆಯುವುದೇ ಸರಿಯಾದ ಕ್ರಮ. ಬೆಳೆಯ ನಡುವೆ ಆಳು ಕುಳಿತು ಕಳೆ ತೆಗೆಯುವ ರೀತಿಯೇ ಇಲ್ಲಿಗೂ ಒಪ್ಪುತ್ತದೆ.

ಎಲ್ಲ ಹೊಣೆಯನ್ನೂ ರೈತನ ಮೇಲೆಯೇ ಹೊರಿಸುವುದು ನ್ಯಾಯವಲ್ಲವೆಂಬುದನ್ನೂ ಹೇಳಲೇಬೇಕಾಗಿದೆ. ಕಡಿಮೆ ಬೆಲೆಯ ಕೆಲವು ಫೋನುಗಳಲ್ಲಿ ತಯಾರಕರೇ ಜಾಹೀರಾತುಗಳನ್ನು ಸೇರಿಸಿ ಮಾರುತ್ತಾರೆ. ಬಡವನು ಬೆಲೆಯಲ್ಲಿ ಉಳಿಸಿದುದನ್ನು ನೆಮ್ಮದಿಯಲ್ಲಿ ತೆರುವಂತಾಗಿದೆ. ಗೂಗಲ್ ಸಂಸ್ಥೆಯವರು 2020ರ ಫೆಬ್ರುವರಿಯಲ್ಲಿ ಇಂತಹ ಉಪದ್ರವಕರ ಜಾಹೀರಾತುಗಳ ಕಾರಣದಿಂದ ಸುಮಾರು 600 ಆ್ಯಪುಗಳನ್ನು ತಮ್ಮ ಅಂಗಡಿಯಿಂದ ಹೊರಹಾಕಿದರು. ಮನಸ್ಸು ಮಾಡಿದರೆ ಸಂಸ್ಥೆಗಳಿಂದ ಇದು ಸಾಧ್ಯವೆಂಬುದಕ್ಕೆ ಇದೇ ನಿದರ್ಶನ. ಭಾರತದ ಕೇಂದ್ರೀಯ ಗ್ರಾಹಕ ಸಂರಕ್ಷಣಾ ಪ್ರಾಧಿಕಾರವು 2023ರ ನವೆಂಬರಿನಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ ಬಳಕೆದಾರರನ್ನು ಮೋಸಗೊಳಿಸುವ 13 ಬಗೆಯ ತಂತ್ರಗಳನ್ನು ಹೆಸರಿಸಿ ನಿಷೇಧಿಸಲಾಗಿದೆ. ವೇಷ ಮರೆಸಿದ ಜಾಹೀರಾತು, ಪದೇಪದೇ ಪೀಡಿಸುವುದು, ಸುಳ್ಳು ಅವಸರವನ್ನು ಹುಟ್ಟಿಸುವುದು ಇವು ಅವುಗಳಲ್ಲಿ ಸೇರಿವೆ. ನಿಯಮವು ಕಾಗದದ ಮೇಲಿದ್ದರೆ ಸಾಲದು. ದೂರು ಕೊಡುವವರಿಲ್ಲದ ನಿಯಮವು ಬೇಲಿಯಿಲ್ಲದ ತೋಟದಂತೆ. ಆದುದರಿಂದ 1915 ಎಂಬ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಗೆ ದೂರನ್ನು ಕೊಡುವ ವಾಡಿಕೆಯು ಗ್ರಾಮಗಳಲ್ಲಿಯೂ ಬೆಳೆಯಬೇಕು.

ಈ ಕಾರ್ಯದಲ್ಲಿ ಗ್ರಾಮ ಮುಖಂಡರೂ ಜಮೀನುದಾರರೂ ಮುಂದಾಗಬೇಕಾದುದು ಅತ್ಯವಶ್ಯಕ. ತನ್ನ ಹೊಲದ ಕಳೆಯನ್ನು ಕಿತ್ತವನು ನೆರೆಯ ಹೊಲವು ಕಳೆಯಿಂದ ತುಂಬಿರುವವರೆಗೆ ನಿಶ್ಚಿಂತನಾಗಿರಲಾರನು. ಅದರಂತೆಯೇ ಒಬ್ಬನ ಫೋನಿನಿಂದ ಹೊರಟ ಮೋಸದ ಕಡತವು ಊರಿನ ಗುಂಪಿಗೆಲ್ಲ ಹರಡುತ್ತದೆ. ಗ್ರಾಮಸಭೆ ಸೇರಿದ ದಿನವೋ, ಸಹಕಾರ ಸಂಘದಲ್ಲಿ ಗೊಬ್ಬರ ಹಂಚುವ ದಿನವೋ ಒಂದು ಗಂಟೆಯ ಕಾಲವನ್ನು ಇದಕ್ಕಾಗಿ ಮೀಸಲಿಟ್ಟು, ಊರಿನ ವಿದ್ಯಾವಂತ ತರುಣ ತರುಣಿಯರಿಂದ ಮೇಲ್ಕಂಡ ಕ್ರಮಗಳನ್ನು ಎಲ್ಲರಿಗೂ ತೋರಿಸಿಕೊಡುವ ಏರ್ಪಾಡು ಮಾಡಿದರೆ ಖರ್ಚಿಲ್ಲದೆ ಮಹತ್ತರವಾದ ಉಪಕಾರವಾಗುವುದು. ಮಕ್ಕಳು ಬಿಟ್ಟುಕೊಟ್ಟ ಹಳೆಯ ಫೋನನ್ನು ಬಳಸುವ ವೃದ್ಧರ ಮತ್ತು ಹೆಂಗಸರ ಕಡೆಗೆ ವಿಶೇಷ ಗಮನವಿರಬೇಕು. ಅಂತಹ ಫೋನುಗಳಲ್ಲಿಯೇ ಹಳೆಯ ಆ್ಯಪುಗಳ ಕಸವು ಹೆಚ್ಚು. ತೋರಿಸುವವರು ಬೆರಳಿಟ್ಟು ತಿಳಿಸಲಿ. ಗುಂಡಿಯನ್ನು ಒತ್ತುವವನು ಫೋನಿನ ಯಜಮಾನನೇ ಆಗಿರಲಿ. ಗುಪ್ತಸಂಖ್ಯೆಯನ್ನು ಯಾರೂ ಕೇಳಬಾರದು, ಯಾರೂ ಹೇಳಬಾರದು.

ಮುಂಗಾರು ಪ್ರಾರಂಭವಾಗುವುದಕ್ಕೆ ಮುಂಚೆಯೇ ಪ್ರತಿ ಗ್ರಾಮದಲ್ಲಿಯೂ ಈ ಕೆಲಸವು ನಡೆದರೆ, ಸಿಡಿಲಿನ ಎಚ್ಚರಿಕೆಯು ಬಂದ ದಿನ ಅದನ್ನು ಓದುವ ಕಣ್ಣುಗಳಿರುವುವು. ಆ ಒಂದು ದಿನದಲ್ಲಿ ಒಬ್ಬ ಆಳಿನ ಪ್ರಾಣವೋ ಒಂದು ಜೊತೆ ಎತ್ತುಗಳೋ ಉಳಿದರೂ ಪಟ್ಟ ಶ್ರಮವು ಸಾರ್ಥಕವೇ ಸರಿ.